ಲಾಂಡ್ರಿ ಅಕ್ಕನ ಎದುರಾಳಿ

ಲಾಂಡ್ರಿ ಅಕ್ಕನಿಗೆ ಕೇಳಿ ಅಭ್ಯಾಸವಿಲ್ಲ, ಹೇಳಿಯೇ ಅಭ್ಯಾಸ. ಗಿರಾಕಿಗಳಿಗೆ ಬಟ್ಟೆ ಯಾವಾಗ ಸಿಗುತ್ತದೆಂದು ಹೇಳುತ್ತಾಳೆ, ಡಾಕ್ಟರಿಗೆ ತನಗೇನು ಕಾಯಿಲೆ ಎಂದು ಹೇಳುತ್ತಾಳೆ, ತಮ್ಮನಿಗಂತೂ ಅಂಗಡಿ ತೆರೆದಾಗಿನಿಂದ ಮುಚ್ಚುವ ತನಕ ಹೇಳುತ್ತಲೇ ಇರುತ್ತಾಳೆ. ಆ ತಮ್ಮನ ತಲೆ ಬೋಳಾಗಿ, ಮಗಳು ಕಾಲೇಜು ಸೇರಿದ್ದರೂ ಅವನಿನ್ನೂ ಪುಟ್ಟನೇ. ಮುಂದಿನ ಕೋಣೆಯಲ್ಲಿ ಗಲ್ಲಾಪೆಟ್ಟಿಗೆ ಮತ್ತು ಅಕ್ಕ, ಪ್ಲೈವುಡ್ ಗೋಡೆಯ ಆಚೆ ಇಸ್ತ್ರಿ ಮೇಜು ಮತ್ತು ಪುಟ್ಟ. ಅಂಗಡಿ ಶುರುವಾದಾಗಿನಿಂದಲೂ ಹೀಗೇ.

ಕಟ್ಟಡದ ಮಾಲೀಕ ಸಾಲ ತೀರಿಸಲಿಲ್ಲವೆಂದು ಬ್ಯಾಂಕಿನವರು ಬಾಗಿಲಿಗೆ ಹರಾಜಿನ ನೋಟಿಸು ಅಂಟಿಸಿ ಹೋದರು. ಪುಟ್ಟ ಅದನ್ನು ಓದಿ ಪೆಚ್ಚುಮೋರೆ ಹಾಕಿದ.

"ಇದು ಹೋದ್ರೆ ಇನ್ನೊಂದು ಜಾಗ. ನೀನು ಹೋಗಿ ನಿನ್ನ ಕೆಲಸ ನೋಡು" ಎಂದಳು ಅಕ್ಕ.

ಮನಸ್ಸಿನೊಳಗೆ ಮಾತ್ರ ಈ ಜಾಗ ಆಗಲೇ ಅವಳದಾಗಿತ್ತು. ಕೆಲಸ ಆಗುವ ಮೊದಲು ಬಾಯಿ ಬಿಡುವ ಹೆಂಗಸಲ್ಲ ಅವಳು. ಯಾರಿಗೂ ಸುಳಿವು ಕೊಡದೆ ಹರಾಜಿಗೆ ಠೇವಣಿ ಕಟ್ಟಿ ಬಂದಳು.

ಹರಾಜು ನಡೆದದ್ದು ಆನ್‌ಲೈನಿನಲ್ಲಿ, ಫೋನಿನ ಪರದೆಯ ಮೇಲೆ. ಯಾರು ಕೂಗುತ್ತಿದ್ದಾರೆಂದು ಕಾಣುವುದಿಲ್ಲ, ಮೊತ್ತವಷ್ಟೇ ಕಾಣುತ್ತದೆ. ಎದುರಿಗಿದ್ದದ್ದು ಒಬ್ಬನೇ. ಅಕ್ಕ ಒಂದು ಮೆಟ್ಟಿಲು ಏರಿಸಿದರೆ ಅವನೂ ಒಂದು ಏರಿಸುತ್ತಾನೆ. ಅವಳು ಏರಿಸಿದಾಗಲೆಲ್ಲ ಗೋಡೆಯಾಚೆ ಇಸ್ತ್ರಿ ಪೆಟ್ಟಿಗೆ ಮೇಜಿಗೆ ಧಡ್ ಎಂದು ಬೀಳುತ್ತಿತ್ತು.

"ಮೆಲ್ಲಗೆ ಕಣೋ! ಮೇಜು ಮುರಿದರೆ ನಿಮ್ಮಪ್ಪ ಕೊಡಿಸ್ತಾನಾ?" ಎಂದು ಅಕ್ಕ ಗದರಿದಳು. ಅವರಿಬ್ಬರ ಅಪ್ಪ ಒಬ್ಬನೇ ಎಂಬುದು ಕೋಪದಲ್ಲಿ ಅವಳಿಗೆ ನೆನಪಾಗಲಿಲ್ಲ.

ಎಷ್ಟಕ್ಕೆ ನಿಲ್ಲಬೇಕೆಂದು ಲೆಕ್ಕ ಹಾಕಿಟ್ಟುಕೊಂಡಿದ್ದಳೋ ಅದು ಯಾವಾಗಲೋ ದಾಟಿತ್ತು. ಆದರೂ ಯಾವನೋ ಮುಖ ಕಾಣದವನಿಗೆ ಸೋಲುವುದೆಂದರೇನು? ಪಟ್ಟು ಹಿಡಿದು ಏರಿಸಿದಳು. ಕೊನೆಗೆ ಅತ್ತ ಕಡೆಯಿಂದ ಉತ್ತರ ಬರಲಿಲ್ಲ.

"ಪುಟ್ಟಾ, ಬಾರೋ ಇಲ್ಲಿ! ಈ ಕಟ್ಟಡ ನಮ್ದಾಯ್ತು!"

ಹೊರಗೆ ಬಂದ ಪುಟ್ಟನ ಮುಖ ಒಗೆದು ಹಿಂಡಿದ ಬಟ್ಟೆಯ ಹಾಗಿತ್ತು. "ಕೂಗಿದ್ದು ನೀನಾ ಅಕ್ಕ?" ಎಂದು ಕೇಳಿ, ಉತ್ತರಕ್ಕೂ ಕಾಯದೆ ಒಳಗೆ ಹೋದ. ಸಂತೋಷಕ್ಕೆ ಮಾತು ಹೊರಡಲಿಲ್ಲ ಪಾಪ ಎಂದುಕೊಂಡಳು ಅಕ್ಕ.

ಮರುದಿನ ಕಾಲು ಭಾಗ ಕಟ್ಟಿದಳು. ಉಳಿದದ್ದಕ್ಕೆ ಹದಿನೈದು ದಿನ ಗಡುವು. ಸಾಲ ಸಿಗುತ್ತದೆಂಬ ಧೈರ್ಯವಿತ್ತು. ಸಿಕ್ಕಿತು ಕೂಡ, ಆದರೆ ಅವಳು ಕೂಗಿದ ಬೆಲೆಗಲ್ಲ, ಬ್ಯಾಂಕು ಆ ಕಟ್ಟಡಕ್ಕೆ ಕಟ್ಟಿದ ಬೆಲೆಗೆ. ಹಟಕ್ಕೆ ಬಿದ್ದು ಏರಿಸಿದ ಮೊತ್ತವನ್ನು ಅವಳೇ ತುಂಬಬೇಕಿತ್ತು. ಬಳೆಗಳನ್ನು ಮಾರಿದರೂ ಸಾಲಲಿಲ್ಲ.

ಗಡುವಿನ ಹಿಂದಿನ ದಿನ ಬ್ಯಾಂಕಿಗೆ ಹೋಗಿ, "ಇನ್ನೊಂದು ತಿಂಗಳು ಟೈಮ್ ಕೊಡಿ" ಎಂದು ಮ್ಯಾನೇಜರಿಗೆ ಅಪ್ಪಣೆ ಮಾಡಿದಳು.

ಮ್ಯಾನೇಜರು ಒಳ್ಳೆಯವರೇ. "ಅದು ನನ್ನ ಕೈಯಲ್ಲಿಲ್ಲಮ್ಮ. ನಾಳೆ ಸಂಜೆಯೊಳಗೆ ಹಣ ಬರದಿದ್ರೆ ಕಟ್ಟಿದ್ದಷ್ಟೂ ಮುಟ್ಟುಗೋಲಾಗುತ್ತೆ. ಕಟ್ಟಡ ಮತ್ತೆ ಹರಾಜಿಗೆ. ಮನೆಯವರು ಯಾರನ್ನಾದ್ರೂ ಕೇಳಿ ನೋಡಬಾರದಾ?"

ಕೇಳುವುದೊಂದೇ ಅವಳಿಗೆ ಬಾರದ ವಿದ್ಯೆ. ವರ್ಷಗಟ್ಟಲೆ ಕೂಡಿಟ್ಟದ್ದೂ ಹೋಗಿ, ಅಂಗಡಿಯೂ ಹೋಗುತ್ತದೆಂದು ದಾರಿಯುದ್ದಕ್ಕೂ ಲೆಕ್ಕ ಹಾಕಿದಳು. ಅಂಗಡಿಗೆ ಬಂದು ಕುರ್ಚಿಯಲ್ಲಿ ಕುಸಿದವಳೇ ಆ ಕಾಣದ ಎದುರಾಳಿಗೆ ಶಾಪ ಹಾಕತೊಡಗಿದಳು.

"ಅವನ ಕೈ ಸೇದಿಹೋಗ! ಯಾವ ಮನೆಹಾಳನೋ ಏನೋ, ಸುಮ್ಮನೆ ಏರಿಸಿ ಏರಿಸಿ ನನ್ನ ಮುಳುಗಿಸಿದ!"

ಪುಟ್ಟ ಇಸ್ತ್ರಿ ಆರಿಸಿ ಹೊರಗೆ ಬಂದು ನಿಂತ.

"ಆ ಮನೆಹಾಳ ನಾನೇ ಅಕ್ಕ."

ಅಕ್ಕ ಕುರ್ಚಿಯಿಂದ ಅರ್ಧ ಎದ್ದಳು.

"ನಮ್ಮವಳ ಸೈಟು ಮಾರಿದ ದುಡ್ಡಿತ್ತು. ನೀನು ಬೇರೆ ಜಾಗ ಅಂದ್ಯಲ್ಲ, ನಂಬಿಬಿಟ್ಟೆ. ನನ್ನ ಠೇವಣಿನೂ ವಾಪಸ್ ಬಂದಿದೆ. ನಾಳೆ ಹೋಗಿ ಎಲ್ಲಾ ಸೇರಿಸಿ ಕಟ್ಟು."

"ನಿನಗ್ಯಾಕೋ ಬೇಕಿತ್ತು ಕಟ್ಟಡ?"

ಪುಟ್ಟ ಬೋಳುತಲೆ ಸವರಿಕೊಂಡ. "ನಿನ್ನ ಹತ್ರ ಒಂದೇ ಒಂದು ತಿಂಗಳು ಬಾಡಿಗೆ ಇಸ್ಕೋಬೇಕು ಅಂತ ಆಸೆ ಇತ್ತು. ಅಷ್ಟೇ. ನೀನು ಬಂದು ನನ್ನ ಮುಂದೆ ನಿಲ್ಲಬೇಕು ಅಂತ."

ಅಕ್ಕ ಬೈಯಲು ಹೊರಟಳು. ಆಮೇಲೆ ಆ ಧಡ್ ಧಡ್ ನೆನಪಾಯಿತು. ಒಂದು ಪ್ಲೈವುಡ್ ಹಲಗೆಯ ಆಚೀಚೆ ಕೂತು ತಮ್ಮ ದುಡ್ಡಿಗೆ ತಾವೇ ಬೆಂಕಿ ಹಚ್ಚಿಕೊಂಡಿದ್ದರು. ನಗು ತಡೆಯಲಾಗಲಿಲ್ಲ. ನಗುನಗುತ್ತಲೇ ಕಣ್ಣಲ್ಲಿ ನೀರು ಬಂತು, ಅದು ನಗುವಿನದಷ್ಟೇ ಅಲ್ಲವೆಂದು ಅವಳಿಗೆ ಗೊತ್ತಿತ್ತು. ಇಷ್ಟು ವರ್ಷ ಪಕ್ಕದಲ್ಲೇ ಇದ್ದವನನ್ನು ಸರಿಯಾಗಿ ನೋಡಿಯೇ ಇರಲಿಲ್ಲ.

ಮರುದಿನ ಬ್ಯಾಂಕು ಮುಚ್ಚುವ ಮೊದಲೇ ಹಣ ಕಟ್ಟಿಯಾಯಿತು. ಕಟ್ಟಡ ಅವಳ ಹೆಸರಿಗೆ ಬಂದ ಮೇಲೆ ಅರ್ಧ ಪಾಲನ್ನು ಪುಟ್ಟನ ಹೆಸರಿಗೆ ಬರೆಸಿದಳು. ಅವನನ್ನು ಕೇಳಲಿಲ್ಲ, "ಸೈನು ಹಾಕು" ಎಂದಳು.

ಮುಂದಿನ ತಿಂಗಳು ಅಕ್ಕ ಒಂದು ಲಕೋಟೆ ಹಿಡಿದು ಗೋಡೆಯಾಚೆ ಹೋಗಿ ಇಸ್ತ್ರಿ ಮೇಜಿನ ಮುಂದೆ ನಿಂತಳು. ಪುಟ್ಟನ ಅರ್ಧಕ್ಕೆ ಬಾಡಿಗೆ. ಅವನು ಕೈ ಒರೆಸಿಕೊಂಡು ಲಕೋಟೆ ಬಿಚ್ಚಿದ. ಒಮ್ಮೆ ಎಣಿಸಿದ, ಇನ್ನೊಮ್ಮೆ ಎಣಿಸಿದ.

"ಬಾಡಿಗೆ ಒಂದನೇ ತಾರೀಕಿಗೇ ಬರಬೇಕಮ್ಮ. ಇವತ್ತು ಎರಡು."

ಬೇರೆ ಯಾರಾದರೂ ಆಗಿದ್ದರೆ ಗ್ರಹಚಾರ ಬಿಡಿಸುತ್ತಿದ್ದಳು. ಸೆರಗು ಸರಿಮಾಡಿಕೊಂಡು, ತಲೆ ಸ್ವಲ್ಪ ತಗ್ಗಿಸಿ, "ಇದೊಂದು ಸಲ ಒಂದು ದಿನ ಟೈಮ್ ಕೊಡ್ತೀರಾ, ಓನರೇ?" ಎಂದು ಲಾಂಡ್ರಿ ಅಕ್ಕ ಕೇಳಿದಳು.