ಕೈ ಹಿಡಿದವರು

"ಸಾಬವ್ವ ಅನ್ನೋರು ಈ ಬಿಲ್ಡಿಂಗಿನ್ಯಾಗ ಯಾರೂ ಇಲ್ಲ ತಂಗಿ," ರಿಜಿಸ್ಟರಿನ ಮೇಲೆ ಬೆರಳಾಡಿಸಿ ವಾಚ್‌ಮನ್ ಹೇಳಿದ. ದುರ್ಗಾಳ ಮಾತಿನ ಮೊದಲ ಉಸಿರಿಗೇ ಅವನು ಮರಾಠಿ ಬಿಟ್ಟು ಕನ್ನಡಕ್ಕೆ ಬಂದಿದ್ದ. "ಎಷ್ಟನೇ ಮಾಳಿಗಿ? ಯಾವ ಫ್ಲ್ಯಾಟು?"

"ಇರೋರಲ್ರಿ. ಇದನ್ನ ಕಟ್ಟಿದೋರು."

ವಾಚ್‌ಮನ್ ಕನ್ನಡಕ ತೆಗೆದು ಅವಳನ್ನು ನೋಡಿದ. ತಲೆಯ ಮೇಲೊಂದು ಬಟ್ಟೆಯ ಗಂಟು, ಬಲಗಾಲನ್ನು ತುಸು ಎಳೆದು ನಿಂತ ರೀತಿ. "ಕಟ್ಟಿದೋರು ಕಟ್ಟಿ ಹೋಗಿ ವರ್ಷ ಆತಲ್ಲ," ಎಂದ. ಆಮೇಲೆ ಏನನ್ನಿಸಿತೋ, ಗೇಟು ತೆರೆದು, "ಒಳಗ ಬಂದು ನೀರು ಕುಡಿ," ಎಂದ.

ಧನಕವಡಿಯ ಬೆಳಗಿನ ಮಂಜು ಇನ್ನೂ ಪೂರ್ತಿ ಎದ್ದಿರಲಿಲ್ಲ. ನಾಲ್ಕು ಮಹಡಿಯ ಕಟ್ಟಡ ಅದರೊಳಗೆ ಅರ್ಧ ಕರಗಿದಂತೆ ನಿಂತಿತ್ತು. ದುರ್ಗಾ ನೀರು ಕುಡಿದು ಹಿಂಭಾಗದ ಗೋಡೆಯ ಹತ್ತಿರ ಹೋದಳು. ಅಲ್ಲೀಗ ಫರಸಿ ಕಲ್ಲು ಹಾಸಿದ್ದರು, ಸಾಲಾಗಿ ಸ್ಕೂಟರುಗಳು ನಿಂತಿದ್ದವು. ಎರಡನೇ ಮಹಡಿಯಲ್ಲಿ ಯಾರೋ ಹಾಸಿಗೆಯ ಚಾದರ ಕೊಡವುತ್ತಿದ್ದರು. ಅದರ ಕೆಳಗೇ, ಆ ನೀಲಿ ಸ್ಕೂಟರು ನಿಂತ ಜಾಗದಲ್ಲಿ, ಒಂದೂವರೆ ವರ್ಷದ ಹಿಂದೆ ಅವಳು ಮಣ್ಣಿನೊಳಗೆ ಇದ್ದಳು.

ಚರಂಡಿಯ ಪೈಪಿಗೆಂದು ತೋಡಿದ ಕಂದಕ ಅದು. ಹಿಂದಿನ ದಿನ ಮಳೆ ಬಿದ್ದಿತ್ತು. ತುಂಬಿದ ಬುಟ್ಟಿಯನ್ನು ಮೇಲಿದ್ದವರಿಗೆ ಕೊಡಲೆಂದು ಅವಳು ಕೈ ಎತ್ತಿದ್ದಳು, ಅಷ್ಟರಲ್ಲಿ ಬದಿ ಕುಸಿಯಿತು. ಕಬ್ಬಿಣದ ಬುಟ್ಟಿ ಮುಖದ ಮೇಲೆ ಬೋರಲಾಗಿ ಬಿದ್ದದ್ದರಿಂದ ಉಸಿರಿಗಷ್ಟು ಜಾಗ ಉಳಿಯಿತು. ಎತ್ತಿದ ಕೈ ಮಾತ್ರ ಮಣ್ಣಿನ ಹೊರಗಿತ್ತು. ಆ ಕೈಯನ್ನು ಯಾರೋ ಹಿಡಿದರು.

ಆಮೇಲಿನದು ಅವಳಿಗೆ ಭಯದಂತೆ ನೆನಪಿರಲಿಲ್ಲ. ಎಂದೋ ತೀರಿಹೋದ ಅವ್ವ ಕೈ ಹಿಡಿದು ಭೀಮಾ ನದಿ ದಾಟಿಸುತ್ತಿದ್ದಳು. ಮೊಣಕಾಲುದ್ದ ನೀರು, ಕಾಲ ಕೆಳಗೆ ತಣ್ಣನೆಯ ಉಸುಕು. ಆಚೆ ದಂಡೆಯಲ್ಲಿ ಯಾರೋ ಮಾತಾಡುತ್ತಿದ್ದರು, ಮಾತು ಕೇಳುತ್ತಿತ್ತು, ತಿಳಿಯುತ್ತಿರಲಿಲ್ಲ. ಕೈ ಒಮ್ಮೆಯೂ ಸಡಿಲವಾಗಲಿಲ್ಲ. ಕಣ್ಣು ತೆರೆದಾಗ ದೊಡ್ಡ ಆಸ್ಪತ್ರೆಯ ಮೇಲ್ಛಾವಣಿ. ಅಲ್ಲಿಂದ ಗಂಡ ದೇವಾನಂದ ಅವಳನ್ನು ನೇರ ಊರಿಗೆ ಕರೆದೊಯ್ದಿದ್ದ. ಜೊತೆಗೆ ದುಡಿಯುತ್ತಿದ್ದ ಸಾಬವ್ವ, ಗುರಣ್ಣ, ಶಿವಬಸವ್ವ, ಒಬ್ಬರ ಮುಖವನ್ನೂ ನೋಡಲು ಆಗಿರಲಿಲ್ಲ.

ಊರಲ್ಲಿ ಮಲಗಿದ ದಿನಗಳಲ್ಲಿ, ನಿದ್ದೆ ಎಚ್ಚರಗಳ ನಡುವೆ, ಅಂಗೈಯನ್ನು ಯಾರೋ ಒತ್ತಿದಂತಾಗುತ್ತಿತ್ತು. ಅದು ಯಾರು ಎಂದು ಕೇಳಬೇಕು, ಎದುರು ನಿಂತು ಒಂದು ಮಾತು ಹೇಳಬೇಕು. ದೇವಾನಂದ ನಕ್ಕಿದ್ದ. "ದುಡಿಯೋ ಮಂದಿ. ನಿನ್ನ ನೆನಪ ಇಟ್ಕೊಂಡು ಕುಂತಿರ್ತಾರೇನು?" ಆದರೂ ಕಾಲಿಗೆ ಬಲ ಬರುತ್ತಲೇ ಅವಳು ಎರಡು ದಿನ ಕೂತು ಸಜ್ಜಿ ರೊಟ್ಟಿ ಬಡಿದಳು, ಶೇಂಗಾ ಹಿಂಡಿ ಕುಟ್ಟಿದಳು, ಗಂಟು ಕಟ್ಟಿ ಬಸ್ಸು ಹತ್ತಿದಳು.

"ಕಾತ್ರಜ ಚೌಕಕ್ಕ ಹೋಗಿ ನೋಡು," ಎಂದ ವಾಚ್‌ಮನ್. "ಕೆಲಸ ಹುಡುಕೋ ಮಂದಿ ಅಲ್ಲೇ ನಿಂತಿರ್ತಾರ."

ಬೆಳಿಗ್ಗೆ ಬಸ್ಸಿಳಿದಿದ್ದ ಚೌಕಕ್ಕೇ ಅವಳು ಮರಳಿದಳು. ಸಾತಾರೆಯ ದಾರಿಯಲ್ಲಿ ಲಾರಿಗಳು ದೀಪ ಹಚ್ಚಿಕೊಂಡೇ ಮಂಜಿನಿಂದ ಹೊರಬರುತ್ತಿದ್ದವು. ಚಹಾದ ಗಾಡಿಗಳ ಸುತ್ತ ನೂರಾರು ಜನ, ಕೈಯಲ್ಲಿ ಸಲಿಕೆ, ಕರಣಿ, ಬುತ್ತಿ. ಮುಖ ಮುಖ ನೋಡುತ್ತ ಅವಳು ಆ ಗುಂಪಿನಲ್ಲಿ ನಡೆದಳು. ಯಾರೂ ಅವರಲ್ಲ. ಎಲ್ಲರೂ ಅವರಂತೆಯೇ ಕಾಣುತ್ತಿದ್ದರು.

"ದುರ್ಗಾ?"

ಕೈಯಲ್ಲಿದ್ದ ಚಹಾದ ಲೋಟ ಮರೆತು ನಿಂತಿದ್ದ, ಅದೇ ಕಟ್ಟಡದ ಗೋಡೆ ಕಟ್ಟಿದ್ದ ಗೌಂಡಿ ಪ್ರಲ್ಹಾದ. "ಅಗ, ಜಿವಂತ ಆಹೇಸ ತೂ!" ಎಂದ, ಬದುಕಿದ್ದೀಯಲ್ಲ ಎಂಬ ಬೆರಗಿನಲ್ಲಿ. ಅವಳು ತಲೆ ಆಡಿಸಿದಳು. ಅವನು ಮರಾಠಿಯಿಂದ ತನ್ನ ಮುರುಕು ಕನ್ನಡಕ್ಕೆ ಬಂದ. "ಬಾ, ಬಾ. ಗುರಣ್ಣ, ಸಾಬವ್ವ ಎಲ್ಲಾ ಘಾಟಿನ ಖಾಲಿ, ಕೆಳಗ, ಕೆಲಸಾ ಮಾಡ್ತಾರ. ನಾನೂ ಅಲ್ಲೇ."

ಘಾಟಿನ ಬುಡದಲ್ಲಿ ಶಾಲೆಯೊಂದರ ಕಟ್ಟಡ ಏಳುತ್ತಿತ್ತು. ಸಾಬವ್ವ ತಲೆಯ ಮೇಲೆ ಕಾಂಕ್ರೀಟು ಹೊತ್ತು ಹಲಗೆಯ ಇಳಿಜಾರು ಏರುತ್ತಿದ್ದಳು. ದುರ್ಗಾಳನ್ನು ನೋಡಿದಳು, ನಿಲ್ಲಲಿಲ್ಲ. ಮೇಲೆ ಹೋಗಿ ಬುಟ್ಟಿ ಸುರಿದು, ಇಳಿದು ಬಂದು, ಅವಳ ಗಲ್ಲಕ್ಕೆ ಅಂಗೈ ಇಟ್ಟಳು. ತೆಗೆದಾಗ ಗಲ್ಲದ ಮೇಲೆ ಹಸಿ ಸಿಮೆಂಟಿನ ಐದು ಬೆರಳು ಮೂಡಿದ್ದವು.

"ಸೊರಗೀದಿ," ಎಂದಳು. "ಅಲ್ಲಿ ಕುಂದ್ರು ಹೋಗು. ಊಟಕ್ಕ ಬಿಡ್ತಾರ."

ಬಸ್ಸಿನಲ್ಲಿ ರಾತ್ರಿಯೆಲ್ಲ ಜೋಡಿಸಿಕೊಂಡಿದ್ದ ಮಾತನ್ನು ಹಾಗೇ ಇಟ್ಟುಕೊಂಡು ದುರ್ಗಾ ಗಂಟಿನೊಂದಿಗೆ ನೆರಳಿಗೆ ಹೋದಳು.

ಮಧ್ಯಾಹ್ನ ಹುಣಸೆ ಮರದ ಕೆಳಗೆ ಗಂಟು ಬಿಚ್ಚಿದಳು. ಗುರಣ್ಣ ರೊಟ್ಟಿ ಮುರಿದು, ಹಿಂಡಿ ಹಚ್ಚಿ ಬಾಯಿಗಿಟ್ಟು ಕಣ್ಣು ಮುಚ್ಚಿದ. "ನಮ್ಮೂರ ಸಜ್ಜಿ," ಎಂದ. ಪ್ರಲ್ಹಾದನಿಗೆ ಖಾರ ಹತ್ತಿ ಕಣ್ಣಲ್ಲಿ ನೀರು ಬಂತು. ಎಲ್ಲರೂ ನಕ್ಕರು. ಆಗ ದುರ್ಗಾ ಕೇಳಿದಳು.

"ಅವತ್ತ ನನ್ನ ಕೈ ಹಿಡಿದಿದ್ದೋರು ಯಾರು?"

ಮೂವರೂ ಒಬ್ಬರನ್ನೊಬ್ಬರು ನೋಡಿದರು.

"ಯಾರಂದ್ರ?" ಎಂದ ಗುರಣ್ಣ. "ಎಲ್ಲಾರೂ."

"ಒಬ್ಬರದ ಕೈ ಅದು ಅಣ್ಣಾ. ನನಗ ಗೊತ್ತದ."

"ಒಬ್ಬರಿಗೆ ಎಲ್ಲಿ ಆಗ್ತಿತ್ತು?" ಸಾಬವ್ವ ರೊಟ್ಟಿ ಕೆಳಗಿಟ್ಟಳು. "ಸಲಿಕಿ ಹಾಕಿದ್ರ ನಿನ್ನ ತಲಿಗೆ ತಗಲ್ತದಂತ ಕೈಲೇ ತೋಡಿದ್ವಿ. ಉಗುರು ಕಿತ್ತುಹೋದೋರು ಬಂದು ನಿನ್ನ ಕೈ ಹಿಡಿಯೋದು, ಹಿಡಿದೋರು ತೋಡಾಕ ಹೋಗೋದು. ಈ ಗುರಣ್ಣ ಹಿಡಿದ, ನಾ ಹಿಡಿದೆ, ಪ್ರಲ್ಹಾದ ಎರಡು ಸಲ ಹಿಡಿದ. ಉಸುಕಿನ ಲಾರಿ ಡ್ರೈವರ್ ಒಬ್ಬ ಬಂದಿದ್ದ, ಅವನೂ ಹಿಡಿದ. ಅವನ ಹೆಸರು ಯಾರೂ ಕೇಳಲಿಲ್ಲ. ಒಬ್ಬರು ಬಿಡೋಕಿಂತ ಮೊದಲ ಇನ್ನೊಬ್ಬರು ಹಿಡೀಬೇಕು, ನಡುವ ಖಾಲಿ ಬಿಟ್ರ ಹೊಂಟಹೋಗ್ತಾಳ ಅಂತ ಶಿವಬಸವ್ವ ಕೂಗಿ ಕೂಗಿ ಹೇಳಾಕತ್ತಿದ್ಳು."

ದುರ್ಗಾ ಬಲ ಅಂಗೈಯನ್ನು ಮಡಿಲಲ್ಲಿ ತೆರೆದಿಟ್ಟುಕೊಂಡು ಕೂತಳು. ಆ ನೀರು, ಆ ಉಸುಕು, ಆಚೆ ದಂಡೆಯ ಮಾತು ಮತ್ತೆ ಬಂದವು. ಒಂದು ಕೈ ಬಿಟ್ಟು ಇನ್ನೊಂದು ಹಿಡಿದ ಗಳಿಗೆ ಎಲ್ಲಾದರೂ ಸಿಗುತ್ತದೇನೋ ಎಂದು ಹುಡುಕಿದಳು. ಸಿಗಲಿಲ್ಲ. ನದಿಯ ಉದ್ದಕ್ಕೂ ಅವ್ವನ ಕೈ ಒಂದೇ ಆಗಿತ್ತು.

"ಶಿವಬಸವ್ವ ಎಲ್ಲಿ?"

ಗುರಣ್ಣ ನೀರಿನ ತಂಬಿಗೆಗೆ ಕೈ ಹಾಕಿದ. ಸಾಬವ್ವಳೇ ಹೇಳಬೇಕಾಯಿತು. "ಯುಗಾದಿ ಮುಂದ ಜ್ವರ ಬಂತು. ಎಂಟ ದಿನ. ಇಲ್ಲೇ, ನಮ್ಮ ಜೋಪಡಿಯಾಗ ಹೋಗಿಬಿಟ್ಳು."

ಕೈಯಲ್ಲಿದ್ದ ರೊಟ್ಟಿಯನ್ನು ದುರ್ಗಾ ಬಟ್ಟೆಯ ಮೇಲೆ ಇಟ್ಟಳು.

"ಆ ಜ್ವರದಾಗೂ ಕೇಳ್ತಿದ್ಳು, ದುರ್ಗಾ ಉಳದಳೇನು ಅಂತ," ಎಂದಳು ಸಾಬವ್ವ. "ನಮಗೇನ ಗೊತ್ತಿತ್ತು? ಆಸ್ಪತ್ರಿಗೆ ಹೋದ್ರ ಒಳಗ ಬಿಡಲಿಲ್ಲ, ಆಮ್ಯಾಲ ಹೋದ್ರ ನೀ ಅಲ್ಲಿ ಇರಲಿಲ್ಲ. ಉಳದಾಳ, ಊರಾಗ ರೊಟ್ಟಿ ಬಡ್ಯಾಕತ್ಯಾಳ ಅಂತ ಹೇಳಿಬಿಟ್ಟೆ. ಸುಳ್ಳು ಹೇಳಿದ್ನೋ ಖರೇ ಹೇಳಿದ್ನೋ, ಇವತ್ತು ಗೊತ್ತಾತು ನೋಡು."

ದುರ್ಗಾಳ ಅಳು ತಡೆ ಇಲ್ಲದೆ ಬಂತು. ನಡುವೆ ಏನೋ ಹೇಳಲು ಹೋದಳು. "ನೀವು... ನಾ ನಿಮಗ..."

"ಸಾಕು ಸುಮ್ಮನಿರು," ಎಂದಳು ಸಾಬವ್ವ. ತನ್ನ ಸೆರಗಿನಿಂದ ದುರ್ಗಾಳ ಮೂಗು ಒರೆಸಿ, ಮತ್ತೊಂದು ರೊಟ್ಟಿ ಎಳೆದುಕೊಂಡಳು. "ಹಿಂಡಿಗೆ ಬೆಳ್ಳೊಳ್ಳಿ ಭಾಳ ಹಾಕೀದಿ. ಛಲೋ ಆಗ್ಯದ."

ಉಂಡ ಮೇಲೆ ಅರ್ಧ ಗಂಟೆ ಬಿಡುವಿತ್ತು. ಗುರಣ್ಣ, ಪ್ರಲ್ಹಾದ ರುಮಾಲು ಹಾಸಿ ಅಡ್ಡಾದರು. ಸಾಬವ್ವ ಇದ್ದಲ್ಲೇ ಮೈ ಚೆಲ್ಲಿ, ಎರಡು ಮಾತಿನ ನಡುವೆಯೇ ನಿದ್ದೆಹೋದಳು. ಮೇಲೆ ಘಾಟಿನ ತಿರುವುಗಳಲ್ಲಿ ಬಸ್ಸೊಂದು ನಿಧಾನವಾಗಿ ಏರಿ ಸುರಂಗದ ಬಾಯಲ್ಲಿ ಕಾಣದಾಯಿತು. ಎಲೆಗಳ ನಡುವೆ ಇಳಿದ ಬಿಸಿಲು ಸಾಬವ್ವಳ ರೆಪ್ಪೆಗಳ ಮೇಲೆ ಬಿತ್ತು, ನಿದ್ದೆಯಲ್ಲೇ ಅವಳು ಹುಬ್ಬು ಗಂಟಿಕ್ಕಿದಳು. ದುರ್ಗಾ ನೋಯುವ ಕಾಲನ್ನು ಎಳೆದುಕೊಂಡು ತುಸು ಸರಿದು, ಬೆನ್ನು ಬಿಸಿಲಿಗೆ ಕೊಟ್ಟು ಕೂತಳು. ಅವಳ ನೆರಳು ಬಿದ್ದು ಸಾಬವ್ವಳ ಹುಬ್ಬು ಸಡಿಲಾಯಿತು. ಬಿಸಿಲು ಸರಿದಂತೆ ದುರ್ಗಾಳೂ ಸರಿದಳು, ಸದ್ದು ಮಾಡದೆ, ಗೇಣು ಗೇಣಾಗಿ.