ಗಿರಿಜವ್ವ ಕಟ್ಟಿದ ಎಂಬತ್ತು ಕಂತು

ನಿಪ್ಪಾಣಿಯಿಂದ ಬೋರಗಾಂವಕ್ಕೆ ಬರುವ ಬಸ್ಸಿನಲ್ಲಿ ಆ ದಿನ ಗಿರಿಜವ್ವ ಗಂಡನ ಪಕ್ಕ ಕೂರಲಿಲ್ಲ. ಸೀಟು ಖಾಲಿ ಇತ್ತು. ಧರೆಪ್ಪ ಸರಿದು ಜಾಗವನ್ನೂ ಮಾಡಿಕೊಟ್ಟ. ಅವಳು ಮುಂದೆ ಹೋಗಿ ಕಂಬಿ ಹಿಡಿದು ನಿಂತೇ ಊರು ಮುಟ್ಟಿದಳು. ಸೊಂಟದ ಗಂಟಿನಲ್ಲಿ ಒಂಬತ್ತು ಸಾವಿರ ರೂಪಾಯಿ ಇತ್ತು. ಎರಡು ಎಮ್ಮೆ ಮಾರಿದ ಹಣ. ಅದನ್ನು ಕಟ್ಟಿ ಮನೆಯ ಸಾಲ ತೀರಿಸಿ ಬರುತ್ತೇನೆಂದು ಬೆಳಿಗ್ಗೆ ಹೋದವಳು, ಗಂಟು ಬಿಚ್ಚದೆಯೇ ತಿರುಗಿ ಬಂದಿದ್ದಳು.

ಅದು ೧೯೯೬ರ ಫೆಬ್ರುವರಿ ತಿಂಗಳು. ಧರೆಪ್ಪ ಬೇರೆಯವರ ಶೆಡ್ಡಿನಲ್ಲಿ ವಿದ್ಯುತ್ ಮಗ್ಗ ನಡೆಸುತ್ತಿದ್ದ. ಗಿರಿಜವ್ವ ಅದೇ ಶೆಡ್ಡಿನಲ್ಲಿ ಮಗ್ಗಕ್ಕೆ ಬೇಕಾದ ನೂಲಿನ ಕಂಡಿಕೆ ಸುತ್ತುತ್ತಿದ್ದಳು. ಏಳು ವರ್ಷದ ಹಿಂದೆ ಇಬ್ಬರೂ ಸೇರಿ ಎರಡು ಖೋಲಿಯ ಮನೆ ಕಟ್ಟಿಸಿದ್ದರು. ಅದಕ್ಕೆ ನಿಪ್ಪಾಣಿಯ ಒಂದು ಪತ್ತಿನ ಸಂಘ ಇಪ್ಪತ್ನಾಲ್ಕು ಸಾವಿರ ಸಾಲ ಕೊಟ್ಟಿತ್ತು. ನೂರಕ್ಕೆ ಹನ್ನೆರಡು ಬಡ್ಡಿ, ಹತ್ತು ವರ್ಷ, ತಿಂಗಳಿಗೆ ನಾಲ್ಕುನೂರಾ ನಲವತ್ತು ರೂಪಾಯಿ ಕಂತು. ಮನೆಯ ಉತಾರ, ಅಂದರೆ ಹಕ್ಕಿನ ಕಾಗದ, ಸಂಘದ ಕಪಾಟಿನಲ್ಲಿ ಅಡವಿತ್ತು.

ಎಂಬತ್ತು ತಿಂಗಳು ಅವರು ಒಂದು ಕಂತನ್ನೂ ತಪ್ಪಿಸಿರಲಿಲ್ಲ. ಸುಲಭಕ್ಕೆ ಕಟ್ಟಿದ್ದಲ್ಲ. ನಾಲ್ಕು ವರ್ಷದ ಹಿಂದೆ ಮಗಳು ಕಸ್ತೂರಿ ಎಸ್ಸೆಸ್ಸೆಲ್ಸಿಯಲ್ಲಿ ಫಸ್ಟ್ ಕ್ಲಾಸ್ ಬಂದಿದ್ದಳು. ಕಾಲೇಜಿನ ಫೀ, ದಿನದ ಬಸ್ ಚಾರ್ಜು, ಪುಸ್ತಕ, ಇಷ್ಟಕ್ಕೆ ದಾರಿಯಿರಲಿಲ್ಲ. ಅವಳನ್ನೂ ತಾಯಿಯ ಪಕ್ಕ ಕಂಡಿಕೆ ಸುತ್ತಲು ಕೂರಿಸಿದ್ದರು. "ಸಾಲ ಒಂದ ಮುಗೀಲಿ ಮಗಳ, ಆಮ್ಯಾಲ ನೋಡೂಣು" ಎಂದು ಗಿರಿಜವ್ವನೇ ಸಮಾಧಾನ ಹೇಳಿದ್ದಳು.

ಆ ದಿನ ಸಂಘದ ಮ್ಯಾನೇಜರ್ ಪುಸ್ತಕ ತಿರುವಿ ಹಾಕಿ, "ಇನ್ನ ನಲವತ್ತು ಕಂತು. ಹದಿನೇಳು ಸಾವಿರದ ಆರುನೂರು ಕಟ್ರಿ" ಎಂದ.

ಗಿರಿಜವ್ವನಿಗೆ ತನ್ನ ಕಿವಿಯ ಮೇಲೇ ಸಂಶಯ ಬಂತು. "ಸಾಹೇಬ್ರ, ನಾವು ತಗೊಂಡಿದ್ದ ಇಪ್ಪತ್ನಾಕ ಸಾವಿರ. ಈಗಾಗ್ಲೇ ಮೂವತ್ತೈದ ಸಾವಿರದ ಮ್ಯಾಲ ಕಟ್ಟೇವಿ. ಇನ್ನೂ ಹದಿನೇಳ ಸಾವಿರ ಎಲ್ಲಿಂದ ಬಂತ್ರಿ?"

"ಬಡ್ಡಿ ಇರೂದಿಲ್ಲೇನ್ ಬಾಯಿ?"

"ಇರ್ಲಿ. ಆದ್ರ ನಾವು ಇವತ್ತ ತೀರಸ್ತೀವಿ ಅನ್ನಾಕತ್ತೇವಿ. ಮುಂದಿನ ಮೂರ ವರ್ಷ ನಿಮ್ಮ ರೊಕ್ಕ ನಾವು ಇಟಗೊಳ್ಳೂದ ಇಲ್ಲ. ಅದಕ್ಕೂ ಬಡ್ಡಿ ಕಟ್ಟಬೇಕೇನ್ರಿ?"

"ಇದು ಫ್ಲಾಟ್ ಬಡ್ಡಿ. ಹತ್ತ ವರ್ಷದ್ದು ಮೊದಲ ಹಿಡದ ಬಿಟ್ಟಿರ್ತೈತಿ."

ಧರೆಪ್ಪ ಕೈ ಮುಗಿಯುತ್ತಾ, "ನಮ್ದು ಎರಡ ಖೋಲಿ ಸಾದಾ ಮನಿ ಐತ್ರಿ. ಫ್ಲಾಟ್ ಅಲ್ರಿ" ಎಂದ.

ಮ್ಯಾನೇಜರ್ ನಕ್ಕ. ಪಕ್ಕದ ಕಾರಕೂನನೂ ನಕ್ಕ. ಮ್ಯಾನೇಜರ್ ಹಳೆಯ ಕಾಗದ ತೆಗೆದು ಧರೆಪ್ಪನ ಸಹಿ ತೋರಿಸಿದ. ಆ ನಗು ಗಿರಿಜವ್ವನ ಎದೆಗೆ ನಾಟಿತು. ಹೊರಗೆ ಬಂದ ಮೇಲೆ ಅವಳು ಗಂಡನಿಗೆ ಒಂದೇ ಮಾತು ಕೇಳಿದಳು.

"ಸಹಿ ಮಾಡೂ ಮುಂದ ನೀವು ಏನೇನ ಕೇಳಿದ್ರಿ?"

ಧರೆಪ್ಪ ನೆಲ ನೋಡಿದ. "ತಿಂಗಳಿಗೆ ಕಂತು ಎಷ್ಟಂತ ಕೇಳಿದ್ನಿ."

"ಅಷ್ಟ?"

"ಅಷ್ಟ."

ಬಸ್ಸಿನಲ್ಲಿ ಅವಳು ಅವನ ಪಕ್ಕ ಕೂರದಿದ್ದುದು ಅದಕ್ಕೇ.

ಮನೆಗೆ ಬಂದರೆ ಕಟ್ಟೆಯ ಮೇಲೆ ಮೈದುನ ಭರಮು, ಅವನ ಹೆಂಡತಿ ತುಳಸವ್ವ ಕಾಯುತ್ತಾ ಕೂತಿದ್ದರು. ಅವರೂ ಮನೆ ಕಟ್ಟಿಸಬೇಕೆಂದಿದ್ದರು. ಅದೇ ಸಂಘ ಅವರಿಗೆ ಐವತ್ತು ಸಾವಿರ ಕೊಡಲು ಒಪ್ಪಿತ್ತು. ಸೋಮವಾರ ಸಹಿ. ಜಾಮೀನಿಗೆ ಧರೆಪ್ಪ ಬೇಕು.

"ಕಂತು ಬರೇ ಒಂಬತ್ತನೂರಾ ಹದಿನೇಳು, ವೈನಿ" ಎಂದ ಭರಮು ಹಿಗ್ಗಿನಿಂದ. "ಇಬ್ರೂ ದುಡದ್ರ ಆಗ್ತೈತಿ."

"ಎಲ್ಲಾ ಕೂಡಿ ಎಷ್ಟ ಕಟ್ಟಬೇಕು?"

"ಅದನ್ಯಾಕ ಕೇಳೂದು? ತಿಂಗಳಿಗೆ ಆಗ್ತೈತೋ ಇಲ್ಲೋ ನೋಡಿದ್ರ ಆತು."

ಗಿರಿಜವ್ವನ ಸಿಟ್ಟು ನೆತ್ತಿಗೇರಿತು. "ನಿಮ್ಮ ಅಣ್ಣಾನೂ ಅಷ್ಟ ನೋಡಿದ್ರು. ನೀನೂ ಅಷ್ಟ ನೋಡು. ಎಲ್ಲಾರೂ ಕಣ್ಣ ಮುಚಗೊಂಡ ಸಹಿ ಮಾಡ್ರಿ!" ಎಂದವಳೇ ಕಂತಿನ ಪುಸ್ತಕ ಹಿಡಿದು ಹೊರಗೆ ನಡೆದಳು.

ಎರಡು ಮನೆ ಆಚೆ ಜಿನಮತಿ ಅಕ್ಕೋರು ಇದ್ದರು. ಊರ ಶಾಲೆಯಲ್ಲಿ ಇಪ್ಪತ್ತು ವರ್ಷದಿಂದ ಗಣಿತ ಕಲಿಸುವವರು. ಕಸ್ತೂರಿಗೂ ಕಲಿಸಿದವರು. ಅವಳನ್ನು ಕಾಲೇಜಿಗೆ ಕಳಿಸದಿದ್ದಾಗ ಮನೆಗೇ ಬಂದು ಜಗಳ ತೆಗೆದವರೂ ಅವರೇ.

ಅಕ್ಕೋರು ಪುಸ್ತಕ ಪೂರ್ತಿ ನೋಡಿದರು. ಆಮೇಲೆ ಕೇಳಿದರು, "ತುಳಸವ್ವ ನಿನಗ ಹತ್ತ ಸೇರು ಜೋಳ ಕಡಾ ಕೊಟ್ಲು ಅನಕೋ. ಐದ ಸೇರು ತಿರುಗಿ ಕೊಟ್ಟಿ. ಇನ್ನ ಮುಂದ ಎಷ್ಟ ಸೇರಿನ ಮ್ಯಾಲ ಅಕಿ ಬಡ್ಡಿ ಕೇಳಬೇಕು?"

"ಉಳದ ಐದ ಸೇರಿನ ಮ್ಯಾಲ್ರಿ."

"ಅಕಿ ಹತ್ತೂ ಸೇರಿನ ಮ್ಯಾಲ ಕೇಳಿದ್ರ?"

"ಜಗಳಾ ಮಾಡ್ತೀನ್ರಿ!"

"ಹಂಗಾರ ಮಾಡು. ಸಂಘದಾವರು ಇದನ್ನ ಮಾಡ್ಯಾರ. ನೀನು ತಿಂಗಳಾ ತಿಂಗಳಾ ಅಸಲು ತೀರಸಗೋತ ಬಂದಿ. ಅವರು ಮಾತ್ರ ಎಂಬತ್ತೂ ತಿಂಗಳು ಪೂರಾ ಇಪ್ಪತ್ನಾಕ ಸಾವಿರದ ಮ್ಯಾಲ ಬಡ್ಡಿ ಹಚ್ಯಾರ. ಇದಕ್ಕ ಫ್ಲಾಟ್ ಬಡ್ಡಿ ಅಂತಾರ."

ಅಕ್ಕೋರು ಹಾಳೆ ತೆಗೆದು ಲೆಕ್ಕ ಹಾಕತೊಡಗಿದರು. ನೂರಕ್ಕೆ ಹನ್ನೆರಡು ಅಂದರೆ ತಿಂಗಳಿಗೆ ನೂರಕ್ಕೆ ಒಂದು ರೂಪಾಯಿ. ಮೊದಲ ತಿಂಗಳ ಬಡ್ಡಿ ಇನ್ನೂರಾ ನಲವತ್ತು. ಕಟ್ಟಿದ ನಾಲ್ಕುನೂರಾ ನಲವತ್ತರಲ್ಲಿ ಅದು ಹೋದರೆ ಇನ್ನೂರು ಅಸಲಿಗೆ. ಎರಡನೇ ತಿಂಗಳು ಬಾಕಿ ಇಪ್ಪತ್ತಮೂರು ಸಾವಿರದ ಎಂಟುನೂರು. ಬಡ್ಡಿ ಇನ್ನೂರಾ ಮೂವತ್ತೆಂಟಕ್ಕೆ ಇಳಿಯಿತು. ಹೀಗೆ ತಿಂಗಳು ತಿಂಗಳೂ ಬಡ್ಡಿ ಇಳಿಯುತ್ತಾ, ಅಸಲಿಗೆ ಹೋಗುವುದು ಏರುತ್ತಾ ಬಂತು. ಗಿರಿಜವ್ವ ಪಕ್ಕದಲ್ಲಿ ಕೂತು ಒಂದೊಂದು ಸಾಲನ್ನೂ ನೋಡಿದಳು. ಹುಡುಕಿಕೊಂಡು ಬಂದ ಧರೆಪ್ಪ, ಭರಮು, ತುಳಸವ್ವ ಬಾಗಿಲಲ್ಲಿ ನಿಂತರು. ನಾಲ್ಕನೇ ಹಾಳೆ ತುಂಬಿದಾಗ ಅಕ್ಕೋರು ಪೆನ್ನು ಕೆಳಗಿಟ್ಟರು.

"ಎಂಬತ್ತನೇ ತಿಂಗಳಿಗೆ ನೀನು ಕಟ್ಟಬೇಕಾಗಿದ್ದು ನೂರಾ ಆರು ರೂಪಾಯಿ ಗಿರಿಜವ್ವ. ಅಲ್ಲಿಗೆ ಸಾಲ ಮುಗೀತು."

ಗಿರಿಜವ್ವ ನಿಧಾನವಾಗಿ ಕೇಳಿದಳು, "ಅಂದ್ರ... ಈ ತಿಂಗಳಿಗೆ ಮನಿ ನಮ್ದ ಆಗಿರತಿತ್ತಾ?"

"ಆಗಿರತಿತ್ತು."

"ಅವರು ಇನ್ನ ಹದಿನೇಳ ಸಾವಿರ ಕೇಳಾಕತ್ತಾರ."

"ಹೌದು. ಕಾಗದದ ಮ್ಯಾಲ ಹನ್ನೆರಡು ಅಂತ ಬರದಾರ. ನೀನು ಖರೇ ಕಟ್ಟಾಕತ್ತಿದ್ದು ಹದಿನೆಂಟರ ಮ್ಯಾಲ ಬೀಳ್ತೈತಿ."

ಧರೆಪ್ಪ ಒಪ್ಪಲಿಲ್ಲ. "ಅಕ್ಕೋರ, ಅವರು ದೊಡ್ಡ ಮಂದಿ. ಕೋಟು ಹಾಕ್ಕೊಂಡು ಕುಂತಾರ. ಅಷ್ಟು ಮಂದಿಗೆ ಸಾಲಾ ಕೊಟ್ಟಾರ. ಅವರ ಲೆಕ್ಕ ತಪ್ಪಾಗ್ತೈತೇನ್ರಿ?"

"ತಪ್ಪಾಗಿಲ್ಲ ಧರೆಪ್ಪ. ಅವರ ಲೆಕ್ಕ ಬರೋಬ್ಬರಿ ಐತಿ. ಅವರಿಗೆ ಬೇಕಾದಂಗ ಐತಿ. ನಿನಗ ಹೇಳಿಲ್ಲ, ಅಷ್ಟ."

"ಕಸ್ತೂರಿ ಫೀ ಎಷ್ಟಿತ್ತು, ನೆನಪೈತೇನ್ರಿ?" ಗಿರಿಜವ್ವ ಗಂಡನ ಕಡೆ ತಿರುಗಿದಳು. "ವರ್ಷಕ್ಕ ಆರುನೂರು. ಆರುನೂರು ಇಲ್ಲಂತ ಹುಡುಗಿನ್ನ ಕಂಡಿಕಿಗೆ ಹಚ್ಚಿದ್ವಿ. ಅವರಿಗೆ ಮಾತ್ರ ಸಾವಿರಗಟ್ಟಲೆ ಸುಮ್ನ ಕೊಟ್ವಿ. ಒಂದ ಪ್ರಶ್ನಾ ಕೇಳಲಿಲ್ಲಂತ ಕೊಟ್ವಿ!"

ಧರೆಪ್ಪ ಗೋಡೆಗೆ ಒರಗಿ ಕೂತುಬಿಟ್ಟ.

ಆಗ ತುಳಸವ್ವ ಒಳಗೆ ಬಂದಳು. "ಅಕ್ಕೋರ, ನಮ್ಮ ಐವತ್ತ ಸಾವಿರದ್ದು ನೋಡ್ರಿ."

ಅಕ್ಕೋರು ನೋಡಿದರು. ಹತ್ತು ವರ್ಷಕ್ಕೆ ಒಂದು ಲಕ್ಷದ ಹತ್ತು ಸಾವಿರ. ಬಾಕಿಯ ಮೇಲೆ ಮಾತ್ರ ಬಡ್ಡಿ ಹಚ್ಚಿದರೆ ಎಂಬತ್ತಾರು ಸಾವಿರ. "ನೋಡು ಭರಮು, ಸರಿಯಾದ ಲೆಕ್ಕದಾಗ ಸುದ್ದಾ ಮನಿ ಸಾಲ ಅಗ್ಗ ಅಲ್ಲ. ವರ್ಷ ಹೆಚ್ಚಾದಷ್ಟು ಕಂತು ಸಣ್ಣದು ಕಾಣ್ತೈತಿ, ಬಡ್ಡಿ ಬೆಳೀತೈತಿ. ಐವತ್ತು ಬ್ಯಾಡ, ಮೂವತ್ತರಾಗ ಒಂದ ಖೋಲಿ ಮೊದಲ ಕಟ್ಟು. ಬೇಗ ತೀರಸು. ಆಮ್ಯಾಲ ಇನ್ನೊಂದು ಕಟ್ಟು."

ಭರಮುಗೆ ಅರ್ಧ ಮನಸ್ಸು. "ಸೋಮವಾರ ಕೇಳಿ ನೋಡೂಣು. ಅವರ ಬಾಯಿಲೇ ಕೇಳೂಣು" ಎಂದ.

ಸೋಮವಾರ ಅಕ್ಕೋರು ಶಾಲೆಗೆ ರಜೆ ಹಾಕಿದರು, ಐದೂ ಮಂದಿ ನಿಪ್ಪಾಣಿಗೆ ಹೋದರು. ಸಂಘದಲ್ಲಿ ಸಂತೆಯಷ್ಟು ಜನ. ಬೀಡಿ ಕಟ್ಟುವ ಹೆಂಗಸರು, ಮಗ್ಗದವರು, ತಂಬಾಕಿನ ವಖಾರಿಯ ಹಮಾಲರು. ಮ್ಯಾನೇಜರ್ ಕಾಗದ ಮುಂದೆ ತಳ್ಳಿ ಭರಮುನ ಕೈಗೆ ಪೆನ್ನು ಕೊಟ್ಟ.

"ತಡಿ ಭರಮು" ಎಂದಳು ಗಿರಿಜವ್ವ. "ಸಾಹೇಬ್ರ, ಅಸಲು ಕಡಿಮಿ ಆದಂಗ ಬಡ್ಡಿ ಕಡಿಮಿ ಆಗ್ತೈತೇನ್ರಿ?"

"ನಿಮ್ದೇನ್ ಬಾಯಿ ಮತ್ತ? ಸಾಲ ಅವರದು."

"ಜಾಮೀನು ನಮ್ದು. ಹತ್ತ ವರ್ಷಕ್ಕ ಎಲ್ಲಾ ಕೂಡಿ ಎಷ್ಟು ಕಟ್ಟಬೇಕು, ನಡುವ ತೀರಿಸಿದ್ರ ಎಷ್ಟು ಬಿಡ್ತೀರಿ, ಒಂದ ಹಾಳಿ ಮ್ಯಾಲ ಬರದು ಸಹಿ ಮಾಡಿ ಕೊಡ್ರಿ. ನಾವೂ ಸಹಿ ಮಾಡ್ತೀವಿ."

"ಹಂಗೆಲ್ಲಾ ಬರದು ಕೊಡೂ ಪದ್ಧತಿ ಇಲ್ಲ."

"ನಮ್ಮ ಸಹಿ ತಗೊಳ್ಳೂ ಪದ್ಧತಿ ಐತಿ, ನಿಮ್ಮ ಸಹಿ ಕೊಡೂ ಪದ್ಧತಿ ಇಲ್ಲೇನ್ರಿ?"

ಸಾಲಿನಲ್ಲಿದ್ದವರು ಕತ್ತು ಹೊರಳಿಸಿದರು. ಮ್ಯಾನೇಜರ್ ಎದ್ದು ನಿಂತ. "ಹೆಣ್ಣಮಕ್ಕಳಿಗೆ ಬ್ಯಾಂಕಿನ ವ್ಯವಹಾರ ಏನ ತಿಳಿತೈತಿ? ಏ ಧರೆಪ್ಪ, ನಿನ್ನ ಹೆಂಡ್ತಿನ್ನ ಹೊರಗ ಕರಕೊಂಡ ಹೋಗು!"

ಧರೆಪ್ಪ ಎಂದೂ ಆ ಮೇಜಿನ ಮುಂದೆ ತಲೆ ಎತ್ತಿದವನಲ್ಲ. ಆ ದಿನ ಎತ್ತಿದ. "ಅಕಿ ಕೇಳಿದ್ದಕ್ಕ ಉತ್ತರಾ ಕೊಡ್ರಿ ಸಾಹೇಬ್ರ. ಏಳು ವರ್ಷದ ಹಿಂದ ನಾ ಕೇಳಬೇಕಾಗಿತ್ತು. ಕೇಳಲಿಲ್ಲ. ಈಗ ಅಕಿ ಕೇಳಾಕತ್ತಾಳ. ಅಕಿ ಹೊರಗ ಹೋಗೂದಿಲ್ಲ."

ಮ್ಯಾನೇಜರ್ ಕುರ್ಚಿಗೆ ಕೂತು ಸಾಲಿನಲ್ಲಿದ್ದ ಮುಂದಿನವರನ್ನು ಕರೆದ. ಭರಮು ಪೆನ್ನು ಮೇಜಿನ ಮೇಲಿಟ್ಟು, ತನ್ನ ಉತಾರ ಎತ್ತಿಕೊಂಡು ಮಡಚಿ ಜೇಬಿಗೆ ಹಾಕಿದ. ಹಿಂದೆ ನಿಂತಿದ್ದ ಬೀಡಿ ಕಟ್ಟುವ ಜನಾಬಾಯಿ ತನ್ನ ಪುಸ್ತಕವನ್ನು ಜಿನಮತಿ ಅಕ್ಕೋರ ಮುಂದೆ ಹಿಡಿದಳು. "ನಂದೂ ಒಂಚೂರು ನೋಡ್ರಿ ಬಾಯಾರ." ಅಕ್ಕೋರು ಸಂಘದ ಮೆಟ್ಟಿಲ ಮೇಲೇ ಕೂತು ಲೆಕ್ಕ ಹಾಕಿದರು. ಮಧ್ಯಾಹ್ನದ ಹೊತ್ತಿಗೆ ಹದಿನೇಳು ಪುಸ್ತಕ ಆದವು. ಹದಿನೇಳರಲ್ಲೂ ಅದೇ ಕಥೆ.

ಆ ಹದಿನೇಳು ಮಂದಿಯೂ ಗಿರಿಜವ್ವನೂ ಸೇರಿ ಸಹಕಾರ ಇಲಾಖೆಗೆ ಅರ್ಜಿ ಬರೆದರು. ಓಡಾಡಿದರು. ಕಛೇರಿಯ ಬೆಂಚಿನ ಮೇಲೆ ದಿನಗಟ್ಟಲೆ ಕೂತರು. "ಸಹಿ ಮಾಡೀರಲ್ಲ" ಎಂಬ ಮಾತನ್ನು ಎಷ್ಟು ಸಲ ಕೇಳಿದರೋ ಲೆಕ್ಕವಿಲ್ಲ. ಅಷ್ಟು ದಿನವೂ ಗಿರಿಜವ್ವ ಹಲ್ಲು ಕಚ್ಚಿ ಕಂತು ಕಟ್ಟಿದಳು, ಮನೆಯ ಮೇಲೆ ಕೈ ಹಾಕಲು ಸಂಘಕ್ಕೆ ನೆಪ ಸಿಗಬಾರದೆಂದು. ಆರು ತಿಂಗಳಾದ ಮೇಲೆ ಸಂಘ ಒಂದು ಹೆಜ್ಜೆ ಹಿಂದೆ ಸರಿಯಿತು. ಒಂದೇ ಸಲಕ್ಕೆ ತೀರಿಸುವವರಿಗೆ ಮುಂದಿನ ಬಡ್ಡಿ ಮಾಫಿ, ತಮ್ಮ ಪುಸ್ತಕದಲ್ಲಿ ಉಳಿದ ಅಸಲು ಮಾತ್ರ ಕೊಟ್ಟರೆ ಸಾಕು ಎಂದಿತು. ಗಿರಿಜವ್ವ ಆರು ಸಾವಿರದ ಎಂಟುನೂರು ಎಣಿಸಿ ಕೊಟ್ಟು ಉತಾರ ಬಿಡಿಸಿಕೊಂಡಳು. ಸರಿಯಾದ ಲೆಕ್ಕಕ್ಕಿಂತ ಹತ್ತಿರ ಹತ್ತಿರ ಹತ್ತು ಸಾವಿರ ಹೆಚ್ಚು ಕೊಟ್ಟಂತಾಯಿತು. ಅದು ತಿರುಗಿ ಬರಲಿಲ್ಲ.

ಮ್ಯಾನೇಜರ್ ಉತಾರ ಕೊಡುತ್ತಾ, "ಈಗರೆ ಸಮಾಧಾನ ಆತೇನ್ ಬಾಯಿ?" ಎಂದ.

"ಇಲ್ಲ" ಎಂದಳು ಗಿರಿಜವ್ವ. "ನನ್ನ ಮಗಳ ನಾಕ ವರ್ಷ ನಿಮ್ಮ ಕಪಾಟಿನಾಗ ಐತಿ. ಅದನ್ನ ಕೊಟ್ಟಾಗ ಸಮಾಧಾನ ಆಗ್ತೈತಿ."

ಭರಮು ಚಿಕ್ಕೋಡಿಯ ಒಂದು ಬ್ಯಾಂಕಿನಲ್ಲಿ ಮೂವತ್ತು ಸಾವಿರ ತೆಗೆದುಕೊಂಡ. ಬಾಕಿಯ ಮೇಲಷ್ಟೇ ಬಡ್ಡಿ, ಐದು ವರ್ಷ. ಸಹಿ ಮಾಡುವ ಮೊದಲು ತುಳಸವ್ವ ಕೇಳಿದ ಪ್ರಶ್ನೆಗೆ ಅಲ್ಲಿನ ಗುಮಾಸ್ತ ಬೇಸರದಿಂದಲೇ ಆದರೂ ಉತ್ತರ ಬರೆದು ಕೊಟ್ಟ. ಕಸ್ತೂರಿ ಮರುವರ್ಷ ಕಾಲೇಜಿಗೆ ಹೆಸರು ಹಚ್ಚಿದಳು. ತರಗತಿಯಲ್ಲಿ ಎಲ್ಲರಿಗಿಂತ ದೊಡ್ಡವಳು ಅವಳೇ.

ಅಣ್ಣಂದಿರೇ, ಅಕ್ಕಂದಿರೇ, ಮನೆ ಕಟ್ಟಲು ಸಾಲ ಮಾಡುವುದು ತಪ್ಪಲ್ಲ. ಕೇಳದೆ ಸಹಿ ಮಾಡುವುದು ತಪ್ಪು. ಕಂತು ಎಷ್ಟು ಎಂದು ಕೇಳಿ ಸುಮ್ಮನಾಗಬೇಡಿ. ಕೊನೆಯ ಕಂತಿನವರೆಗೆ ಒಟ್ಟು ಎಷ್ಟು ಕಟ್ಟಬೇಕು, ತೀರಿಸಿದ ಅಸಲಿನ ಮೇಲೂ ಬಡ್ಡಿ ಹಚ್ಚುತ್ತೀರೋ, ನಡುವೆ ತೀರಿಸಿದರೆ ಎಷ್ಟು ಬಿಡುತ್ತೀರಿ ಎಂದು ಕೇಳಿ. ಗಂಡ ಹೆಂಡತಿ ಇಬ್ಬರೂ ಹೋಗಿ ಕೇಳಿ. ಉತ್ತರವನ್ನು ಬರೆಸಿಕೊಳ್ಳಿ. ಲೆಕ್ಕ ತಿಳಿಯದಿದ್ದರೆ ನಾಚಿಕೆ ಬೇಡ, ನಿಮ್ಮ ಊರ ಶಾಲೆಯ ಬಾಗಿಲು ತಟ್ಟಿ. ಬರೆದು ಕೊಡುವುದಿಲ್ಲ ಎಂದರೆ ಪೆನ್ನು ಕೆಳಗಿಟ್ಟು ಎದ್ದು ಬನ್ನಿ. ನಕ್ಕರೆ ನಗಲಿ. ಅವರು ಒಂದು ದಿನ ನಗುತ್ತಾರೆ, ನೀವು ಹತ್ತು ವರ್ಷ ದುಡಿಯಬೇಕು.