ಕ್ಲಾಪ್ ಹಲಗೆಯ ಹಿಂದಿನ ಮುಖ

"ನಿಲ್ಸು, ನಿಲ್ಸು! ಇದ್ರಲ್ಲಿ ಅವರೆಲ್ಲಿದಾರೆ?"

ತೀರಿಕೊಂಡವರ ಹೆಂಡತಿ ಆ ಪುಟ್ಟ ಸಿನಿಮಾ ಹಾಲಿನ ಕುರ್ಚಿಯಿಂದ ಎದ್ದೇಬಿಟ್ಟರು. ಎಡಿಟರ್ ತಡಬಡಾಯಿಸಿ ಗುಂಡಿ ಒತ್ತಿದ. ಪರದೆಯ ಮೇಲೆ ದಪ್ಪ ಮೀಸೆಯ ಪೊಲೀಸಿನವನೊಬ್ಬ ಬಾಯಿ ತೆರೆದುಕೊಂಡೇ ನಿಂತ. ಪರದೆಯ ಕೆಳಗೆ ಇಟ್ಟಿದ್ದ ಶವದ ಗಾಜಿನ ಪೆಟ್ಟಿಗೆಯಲ್ಲಿ ಅದೇ ಮನುಷ್ಯ ಮೀಸೆಯಿಲ್ಲದೆ ಮಲಗಿದ್ದರು.

"ಇವರೇ ಅಲ್ವಾ ಅಕ್ಕ, ಪೊಲೀಸು?"

"ಅದು ಅಂಟಿಸಿದ ಮೀಸೆ. ಆಗ್ಲೇ ಬಂದ ಕುಡುಕನ ಗಡ್ಡಾನೂ ಅಂಟಿಸಿದ್ದೇ. ಹೆಣದ ಪಾತ್ರದಲ್ಲಿ ಮಲಗಿದ್ದನ್ನಂತೂ ಇವತ್ತು ನಂಗೆ ತೋರಿಸ್ಲೇಬೇಡ. ನನ್ನ ಗಂಡ ಎಲ್ಲಿ?"

ಗಂಟೆ ಹತ್ತಾಗಿತ್ತು, ಹನ್ನೊಂದಕ್ಕೆ ಸ್ಮಶಾನಕ್ಕೆ ಒಯ್ಯುವ ಗಾಡಿ ಬರುವುದಿತ್ತು. ಅಷ್ಟರೊಳಗೆ ಗಂಡನನ್ನು ಗಂಡನಾಗಿಯೇ ಒಮ್ಮೆ ಪರದೆಯ ಮೇಲೆ ನೋಡಬೇಕು, ಇಷ್ಟೇ ಆಕೆಯ ಆಸೆ. ಮನೆಯ ಫೋಟೋಗಳನ್ನೆಲ್ಲ ತೆಗೆದವರು ಅವರೇ; ಹಾಗಾಗಿ ಒಂದರಲ್ಲೂ ಅವರಿಲ್ಲ.

ಯೂನಿಟ್ಟಿನವರಿಗೆಲ್ಲ ಅವರು ಭಾವ, ಈಕೆ ಅಕ್ಕ. ಬಂಡವಾಳವಿಲ್ಲದವರ ಸಿನಿಮಾಗಳಲ್ಲಿ ಭಾವ ಮಾಡದ ಕೆಲಸವಿರಲಿಲ್ಲ. ಬರೆದರು, ನಟಿಸಿದರು, ಮೈಕು ಹಿಡಿದರು, ವ್ಯಾನು ಓಡಿಸಿದರು, ಒಂದನ್ನು ನಿರ್ದೇಶನವೂ ಮಾಡಿದರು. ಅಷ್ಟು ದುಡಿದವರ ಹೆಸರು ಪರದೆಯ ಮೇಲೆ ಬರುತ್ತಿದ್ದುದು ಜನ ಎದ್ದು ಬಾಗಿಲ ಕಡೆ ನಡೆಯುವಾಗ. ಅಕ್ಕ ಇದನ್ನು ಸಿಟ್ಟಿನಲ್ಲಿ ಹೇಳುತ್ತಿದ್ದರೂ ಸುಳ್ಳಂತೂ ಅಲ್ಲ.

*

ಅವರ ಸ್ವಂತ ಸಿನಿಮಾ ಮೊದಲ ಸಲ ತೋರಿಸಿದ್ದೂ ಇದೇ ಹಾಲಿನಲ್ಲಿ. ನೋಡಲು ಬಂದವರು ಹತ್ತೊಂಬತ್ತು ಜನ. ಅಕ್ಕ ಹೊಸ ಬಟ್ಟೆ ಹಾಕಿಕೊಂಡು ಮೊದಲ ಸಾಲಿನಲ್ಲಿ ಕೂತಿದ್ದರು. ಭಾವನದು ಮೇಷ್ಟ್ರ ಪಾತ್ರ. ಬಣ್ಣವಿಲ್ಲ, ಮೀಸೆಯಿಲ್ಲ, ಮನೆಯ ನೀಲಿ ಅಂಗಿ, ಅಕ್ಕನೇ ಇಸ್ತ್ರಿ ಮಾಡಿಕೊಟ್ಟದ್ದು. ಸಿನಿಮಾ ಮುಗಿಯಿತು. ಮೇಷ್ಟ್ರು ಬರಲೇ ಇಲ್ಲ.

"ತೆಗೆದುಬಿಟ್ಟೆ ಕಣೇ," ಎಂದರು ಭಾವ, ಮೆಟ್ಟಿಲಿಳಿಯುತ್ತಾ. "ಕತೆ ಅಲ್ಲಿ ಕುಂಟ್ತಾ ಇತ್ತು."

"ಇಡೀ ಸಿನಿಮಾದಲ್ಲಿ ಕುಂಟಿದ್ದು ನೀವೊಬ್ರೇನಾ?"

ಅವರು ನಕ್ಕುಬಿಟ್ಟರು. ಅಕ್ಕ ವಾರವಿಡೀ ಮಾತು ಬಿಟ್ಟರು.

*

"ಲೋ," ಎಂದ ಕ್ಯಾಮೆರಾಮನ್, ಗೋಡೆಗೊರಗಿದ್ದವನು ಥಟ್ಟನೆ ನೆಟ್ಟಗಾಗಿ. "ನಮ್ಮ ಶಾಟುಗಳಿಗೆಲ್ಲಾ ಕ್ಲಾಪ್ ಹೊಡೀತಿದ್ದವರು ಯಾರೋ?"

ಎಡಿಟರ್ ಹಣೆ ಚಚ್ಚಿಕೊಂಡ. ಶಾಟಿನ ನಂಬರು ಬರೆದ ಹಲಗೆಯನ್ನು ಕ್ಯಾಮೆರಾದ ಮುಂದೆ ಹಿಡಿದು, ಟಪ್ಪೆನ್ನಿಸಿ, ಪಕ್ಕಕ್ಕೆ ಓಡುವ ಕೆಲಸವೂ ಭಾವನದೇ ಆಗಿತ್ತು. ಯಾವ ಎಡಿಟರಾದರೂ ಮೊದಲು ಕತ್ತರಿಸಿ ಎಸೆಯುವುದು ಆ ತುಣುಕನ್ನೇ. ಇಂದು ಬೆಳಿಗ್ಗೆ, ಭಾವನಿಗಾಗಿಯೇ ಜೋಡಿಸುವಾಗಲೂ, ಇವನ ಕೈ ರೂಢಿ ಬಿಟ್ಟಿರಲಿಲ್ಲ.

"ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ! ಅವರಿದ್ದ ಜಾಗಾನೇ ಕತ್ತರಿಸಿ ಎಸೆದಿದೀನಿ ಅಕ್ಕ."

"ಇಷ್ಟು ವರ್ಷಾನೂ ಎಲ್ರೂ ಅದನ್ನೇ ಮಾಡಿದ್ರಿ," ಎಂದರು ಅಕ್ಕ. "ಹಾಕು ಈಗ."

ಡಿಸ್ಕಿನಲ್ಲಿ ಕಚ್ಚಾ ಶಾಟುಗಳು ಹಾಗೆಯೇ ಇದ್ದವು. ಎಡಿಟರ್ ಒಂದೊಂದನ್ನೇ ಹಾಕುತ್ತ, ಭಾವ ಓಡಿದೊಡನೆ ನಿಲ್ಲಿಸುತ್ತ ಹೋದ. ಅಕ್ಕ ಅವನ ಪಕ್ಕದಲ್ಲೇ ಬಂದು ಕೂತರು.

ಪರದೆಯ ತುಂಬ ಹಲಗೆ. ಟಪ್. ಹಲಗೆ ಇಳಿಯಿತು, ಹಿಂದೆ ಭಾವನ ಮುಖ. ಎಲ್ಲ ಸರಿಯಿದೆಯೇ ಎಂದು ಅರೆಗಳಿಗೆ ಇತ್ತ ನೋಡಿ, ಬಗ್ಗಿಕೊಂಡು ಓಡಿದರು. ಟಪ್. ಮತ್ತೆ ಅದೇ ಮುಖ, ಅದೇ ಓಟ. ಕಪ್ಪಗಿದ್ದ ಕೂದಲು ನರೆಯಿತು. ಕನ್ನಡಕ ಬಂತು. ಅಕ್ಕನಿಗೆ ಅಳುವಿಗಿಂತ ಸಿಟ್ಟೇ ಹೆಚ್ಚು ಬಂತು.

"ಒಂದ್ಸಲಾನಾದ್ರೂ ನಿಲ್ರೀ," ಎಂದರು ಪರದೆಗೆ.

ಹೊರಗೆ ಗಾಡಿ ಬಂದು ಹಾರ್ನ್ ಹೊಡೆಯಿತು. ಎಡಿಟರ್ ಇನ್ನೊಂದು ಶಾಟು ಹಾಕಿದ. ನೀಲಿ ಅಂಗಿ. ಟಪ್. ಭಾವ ಈ ಸಲ ಓಡಲಿಲ್ಲ. ಹಲಗೆಯನ್ನು ಮೇಜಿನ ಕೆಳಗೆ ತೂರಿಸಿ, ಮೇಷ್ಟ್ರ ಕುರ್ಚಿಯಲ್ಲಿ ಕೂತು, ಕಾಲರ್ ಸರಿಮಾಡಿಕೊಂಡು ತಲೆಯೆತ್ತಿದರು.

ಮತ್ತೆ ಹಾರ್ನ್. ಎಡಿಟರನ ಬೆರಳು ರೂಢಿಯಂತೆ ಗುಂಡಿಯ ಕಡೆ ಸರಿಯಿತು.

ಅಕ್ಕ ಅವನ ಮಣಿಕಟ್ಟನ್ನು ಬಿಗಿಯಾಗಿ ಹಿಡಿದುಕೊಂಡರು.